ಧೂಮಕೇತುವಿನ ಕೊನೆಯ ಕಂತು

"ಹಿಡ್ಕೊಳ್ರೀ ಇವನ್ನ! ಗೂಢಚಾರ! ಬಿಡಬೇಡಿ!"

ಯಶವಂತಪುರ ರೈಲ್ವೆ ಸ್ಟೇಷನ್ ಮುಂದೆ ಬೆಳಿಗ್ಗೆ ಎಂಟು ಗಂಟೆಗೆ ಆ ಕೂಗು ಎದ್ದಾಗ, ಸೊಪ್ಪಿನ ಕಟ್ಟು ಬಿಚ್ಚುತ್ತಿದ್ದ ಕೈಗಳೆಲ್ಲ ಹಾಗೇ ನಿಂತವು.

ಕೂಗಿದವಳು ಅಮೃತಹಳ್ಳಿಯ ಗಂಗರತ್ನ. ಬದನೆಕಾಯಿ ಮಾರುವ ಹುಡುಗಿ. ಅವಳ ಎರಡೂ ಮುಷ್ಟಿಯಲ್ಲಿ ಒಬ್ಬ ಗಂಡಸಿನ ಅಂಗಿಯ ಕಾಲರ್ ಸಿಕ್ಕಿಕೊಂಡಿತ್ತು. ಪ್ಯಾಂಟು, ಬುಶ್‌ಶರ್ಟು, ಬಗಲಲ್ಲಿ ಚರ್ಮದ ಚೀಲ. ಆ ಮನುಷ್ಯ ಮಾಡಿದ ತಪ್ಪು ಇಷ್ಟೇ. ಬುಟ್ಟಿಯ ಮುಂದೆ ಬಗ್ಗಿ, "ಬದನೆಕಾಯಿ ಹೇಗಮ್ಮಾ?" ಎಂದು ಕೇಳಿದ್ದ.

ಆ ದನಿ!

ಅದೇ ದನಿ... ಹೋದ ಬುಧವಾರ ರೇಡಿಯೋದಲ್ಲಿ ಮೆಲ್ಲಗೆ, ವಿಷ ಬೆರೆಸಿದ ಹಾಗೆ ಹೇಳಿದ್ದು. 'ಹೆಬ್ಬಾಳದ ಕೆರೆಯ ತಳದಲ್ಲಿ ಯಂತ್ರ ಸಿದ್ಧವಾಗಿದೆ. ಇನ್ನು ಮಂತ್ರಿಗಳ ಮನಸ್ಸಿನಲ್ಲಿರುವುದೆಲ್ಲ ನಮ್ಮದು.'

"ನಾನು... ನಾನಲ್ಲಮ್ಮ..."

"ನೀನೇ! ಕತ್ಲಲ್ಲೂ ಗುರ್ತು ಹಿಡೀತೀನಿ ಈ ದನೀನ! ಪಾಷಣ್ಣಾ, ಕಾಲು ಹಿಡ್ಕೋ!"

ಸ್ಟೇಷನ್ ಕೂಲಿ ಅಕ್ಬರ್ ಪಾಷಾ ಎರಡನೇ ಮಾತಿಲ್ಲದೆ ಕಾಲು ಹಿಡಿದ. ಪಕ್ಕದ ಬುಟ್ಟಿಯ ಸೊಣ್ಣಮ್ಮ ಒಂದು ಮೂಲಂಗಿ ಎತ್ತಿಕೊಂಡು ಬೆನ್ನಿಗೆ ಬಾರಿಸಿಯೇಬಿಟ್ಟಳು.

1965ರ ಸೆಪ್ಟೆಂಬರ್ ಅದು. ಗಡಿಯಲ್ಲಿ ಯುದ್ಧ. ಅಪರಿಚಿತರ ಮೇಲೆ ಕಣ್ಣಿಡಿ ಎಂದು ಗೋಡೆಗೋಡೆಯ ಮೇಲೂ ಬರೆದಿದ್ದ ಕಾಲ.

ಸ್ಟೇಷನ್ನಿನ ಪೊಲೀಸ್ ಕೋಣೆಯಲ್ಲಿ ಪೇದೆ ಕೇಳಿದ. "ಹೆಸರು?"

"ಜಯಸಿಂಹ."

"ಅಪ್ಪ ಅಮ್ಮ ಇಟ್ಟಿದ್ದೇ ಇದು?"

"ಇಲ್ಲ ಸಾರ್. ಅವರಿಟ್ಟಿದ್ದು ಮುನಿಕೃಷ್ಣಪ್ಪ ಅಂತ. ಊರು ಚಿಕ್ಕಜಾಲ."

"ನೋಡಿದ್ರಾ!" ಗಂಗರತ್ನ ಮೇಜು ಗುದ್ದಿದಳು. "ಎರಡೆರಡು ಹೆಸ್ರು! ಒಳ್ಳೆಯವ್ರು ಯಾರಾದ್ರೂ ಎರಡು ಹೆಸ್ರು ಮಡಿಕ್ಕೊಂತಾರಾ?"

ಪೇದೆ ಚೀಲ ಬಿಚ್ಚಿದ. ಒಳಗೆ ಒಂದು ಕಟ್ಟು ಕಾಗದ. ಮೊದಲ ಹಾಳೆಯ ಮೇಲೆ ದೊಡ್ಡದಾಗಿ ಬರೆದಿತ್ತು: 'ಧೂಮಕೇತು. ರೇಡಿಯೋ ನಾಟಕ. ಏಳನೆಯ ಕಂತು. ರಚನೆ ಮತ್ತು ಗೂಢಚಾರ ಧೂಮಕೇತುವಿನ ಪಾತ್ರ: ಜಯಸಿಂಹ.'

ನಾಟಕ...!

ಗಂಗರತ್ನಳ ಮುಖ ಬಾಡಿತು. ಪೇದೆ ಹೊಟ್ಟೆ ಹಿಡಿದು ನಕ್ಕ. ಹೊರಗೆ ನೆರೆದವರೂ ನಕ್ಕರು. ಈ ಕಥೆ ಕೇಳಿದ ಪೇಟೆಯ ಜನ ಇವತ್ತಿಗೂ ನಗುತ್ತಾರೆ, ಹಳ್ಳಿ ಹುಡುಗಿಗೆ ನಾಟಕ ಯಾವುದು ನಿಜ ಯಾವುದು ಗೊತ್ತಿಲ್ಲ ಎಂದು. ನಗುವವರಿಗೆ ಒಂದು ಮಾತು ಹೇಳುತ್ತೇನೆ, ಕಿವಿಗೊಟ್ಟು ಕೇಳಿ.

ಅಮೃತಹಳ್ಳಿಗೆಲ್ಲ ಇದ್ದದ್ದು ಒಂದೇ ರೇಡಿಯೋ. ಪಂಚಾಯಿತಿ ಚಾವಡಿಯಲ್ಲಿ, ಬೀಗ ಹಾಕಿದ ಮರದ ಪೆಟ್ಟಿಗೆಯೊಳಗೆ. ಬೀಗದ ಕೈ ಛೇರ್ಮನ್ ದೊಡ್ಡಮುನಿಯಪ್ಪನ ಉಡಿದಾರದಲ್ಲಿ. ಊರ ರೇಡಿಯೋ ತನ್ನ ಮನೆಯ ಎಮ್ಮೆ ಎನ್ನುವ ಹಾಗೆ ಅವನು ನಡೆದುಕೊಳ್ಳುತ್ತಿದ್ದ. ಬ್ಯಾಟರಿ ಸವೆಯುತ್ತದೆ ಎಂದು ಕಾರ್ಯಕ್ರಮ ಶುರುವಾದ ಮೇಲೆ ಬಂದು ತೆಗೆಯುವುದು, ತನಗೆ ಹಸಿವಾದ ಕೂಡಲೇ ಮುಗಿಯುವ ಮೊದಲೇ ಮುಚ್ಚುವುದು. ಆರು ಬುಧವಾರ ಊರಿನ ಜನ ಕೇಳಿದ್ದು ಬರೀ ನಡುವಿನ ತುಂಡು. 'ಇದು ನಾಟಕ' ಎಂದು ಮೊದಲಲ್ಲಿ ಹೇಳಿದ್ದೂ ಅವರ ಕಿವಿಗೆ ಬಿದ್ದಿಲ್ಲ, ಕೊನೆಯಲ್ಲಿ ಹೇಳಿದ್ದೂ ಬಿದ್ದಿಲ್ಲ. ಸರ್ಕಾರದವರು ಗೂಢಚಾರನ ಮಾತನ್ನು ಕದ್ದು ಕೇಳಿ ಜನರಿಗೆ ಕೇಳಿಸುತ್ತಿದ್ದಾರೆ ಎಂದೇ ಇಡೀ ಊರು ನಂಬಿತ್ತು. ಓದಿದವರನ್ನೂ ಹಾಗೆ ಕೂರಿಸಿ ನೋಡಿ, ಅವರೇನು ತಿಳಿಯುತ್ತಾರೋ!

ದೇಶಕ್ಕೆ ಕೇಡು ಬಂತೆಂದು ಒಬ್ಬಳೇ ಹೆಣ್ಣುಮಗಳು ಗೂಢಚಾರನ ಕಾಲರಿಗೆ ಕೈ ಹಾಕಿದಳು. ನಗುವವರಲ್ಲಿ ಎಷ್ಟು ಜನಕ್ಕಿತ್ತು ಆ ಧೈರ್ಯ?

ನಗದೆ ಇದ್ದವನು ಒಬ್ಬನೇ... ಏಟು ತಿಂದ ಮುನಿಕೃಷ್ಣಪ್ಪ.

"ಏನೂ ಬೇಜಾರು ಮಾಡ್ಕೋಬೇಡಿ," ಎಂದ ಅವನು, ಹರಿದ ಕಾಲರ್ ಮಡಚಿಕೊಳ್ಳುತ್ತ. "ಇಷ್ಟು ದಿನ ನನ್ನ ಪಾತ್ರಾನ ಇಷ್ಟೊಂದು ಯಾರೂ ನಂಬಿರಲಿಲ್ಲ."

ಅವಳು ತಲೆ ಎತ್ತಲಿಲ್ಲ. ಆದರೆ ಆ ದನಿಯಲ್ಲಿ ಈಗ ವಿಷ ಇರಲಿಲ್ಲ... ಅದು ಅವಳ ಕಿವಿಗೆ ತಿಳಿಯಿತು.

ಅವನು ಯಲಹಂಕದಲ್ಲಿ ಬಾಡಿಗೆ ಕೋಣೆ ಹಿಡಿದು, ದಿನಾ ರೈಲಿನಲ್ಲಿ ಯಶವಂತಪುರಕ್ಕೆ ಬಂದು ಒಂದು ಕಾರ್ಖಾನೆಯಲ್ಲಿ ಗುಮಾಸ್ತನಾಗಿದ್ದ. ಬುಧವಾರ ಸಂಜೆ ಮಾತ್ರ ರೇಡಿಯೋ ನಿಲಯ. ಮರುದಿನದಿಂದ ರೈಲು ಇಳಿದವನು ನೇರವಾಗಿ ಅವಳ ಬುಟ್ಟಿಯ ಮುಂದೆ ನಿಲ್ಲತೊಡಗಿದ.

"ಒಂಟಿ ಗಂಡ್ಸು, ದಿನಾ ಬದ್ನೆಕಾಯಿ ತಗೊಂಡೋಗಿ ಏನ್ಮಾಡ್ತೀಯಪ್ಪಾ?" ಸೊಣ್ಣಮ್ಮ ಒಂದು ದಿನ ಕೇಳಿಯೇಬಿಟ್ಟಳು.

"ಹುಳಿ ಮಾಡ್ತೀನಮ್ಮ."

"ದಿನಾ ಹುಳೀನಾ? ಒಟ್ಟೆ ಏನಾಗ್ಬೇಕು! ಏ ರತ್ನಿ, ಇವನು ತರಕಾರಿಗೆ ಬರಾಕಿಲ್ಲ ಕಣೇ!"

"ಸುಮ್ನಿರಕ್ಕ!" ಎಂದು ಗದರಿದಳು ಗಂಗರತ್ನ. ಕೆನ್ನೆ ಮಾತ್ರ ಬೇರೆಯೇ ಹೇಳುತ್ತಿತ್ತು.

ಒಂದು ದಿನ ರೈಲು ಬೇಗ ಬಂದಿತ್ತು. ಸೊಣ್ಣಮ್ಮ ಇನ್ನೂ ಬಂದಿರಲಿಲ್ಲ. ಅವನು ಕೇಳಿದ, "ಅಷ್ಟು ದೂರದಿಂದ ಒಬ್ಬರೇ ಬರ್ತೀರಲ್ಲ, ಭಯ ಆಗಲ್ವಾ?"

ಅವಳು ಯಾರಿಗೂ ಹೇಳದಿದ್ದುದನ್ನು ಅವನಿಗೆ ಹೇಳಿದಳು.

"ಆಯ್ತದೆ. ಮೊದಲು ಅವ್ವ ಜೊತೆಗಿರ್ತಿದ್ಳು. ಅವಳು ಹೋದ್ಮೇಲೆ ನಾನೊಬ್ಬಳೇ. ಬೆಳಕು ಹರಿಯೋ ಮುಂಚೆ ಹೆಬ್ಬಾಳದ ಕೆರೆ ಏರಿ ಮೇಲೆ ಬರೋವಾಗ ಎದೆ ಡವಡವ ಅಂತದೆ. ಅದಕ್ಕೇ... ನಗಬಾರ್ದು... ಬದನೆಕಾಯಿ ಜೊತೆ ಮಾತಾಡ್ಕೊಂಡು ಬರ್ತೀನಿ. ಅವ್ವನ ಜೊತೆ ಮಾತಾಡ್ತಿದ್ದಂಗೆ."

ಅವನು ನಗಲಿಲ್ಲ.

'ಇವರು ನನ್ನವರು,' ಎಂದುಕೊಂಡಿತು ಅವಳ ಮನಸ್ಸು, ಮೊಟ್ಟಮೊದಲ ಸಲ.

ಅಯ್ಯೋ ಹುಡುಗಿ...!

ಮುಂದಿನ ಬುಧವಾರ ಅಮೃತಹಳ್ಳಿ ಚಾವಡಿ ತುಂಬಿತ್ತು. ನಾಟಕ ಎಂದು ತಿಳಿದ ಮೇಲೆ ಜನ ಛೇರ್ಮನ್ನನ್ನು ಬಿಡುತ್ತಿರಲಿಲ್ಲ. ಮೊದಲಿನಿಂದ ಕೊನೆಯವರೆಗೂ ಹಾಕಿಸುತ್ತಿದ್ದರು. ಗಂಗರತ್ನ ಕಂಬದ ಮರೆಯಲ್ಲಿ, ಅಪ್ಪ ಮುನಿಶಾಮಪ್ಪನ ಹಿಂದೆ ಕೂತಿದ್ದಳು. ಮುನಿಕೃಷ್ಣಪ್ಪನ ದನಿ ಕೇಳಲು ಮೈಯೆಲ್ಲ ಕಿವಿಯಾಗಿತ್ತು.

ಧೂಮಕೇತು ವೇಷ ಮರೆಸಿಕೊಂಡು ಸಂತೆಗೆ ಬರುತ್ತಾನೆ. ಅಲ್ಲೊಬ್ಬಳು ಹಳ್ಳಿ ಹುಡುಗಿ, ಬದನೆಕಾಯಿ ಬಸಮ್ಮ. ಕೀರಲು ದನಿ. 'ಏ ಬದ್ನೆಕಾಯೀ, ಊಟ ಆಯ್ತಾ? ಏ ಬದ್ನೆಕಾಯೀ, ನಿದ್ದೆ ಬಂತಾ?' ಎನ್ನುತ್ತಾಳೆ. ಧೂಮಕೇತು ಮನಸ್ಸು ಓದುವ ಯಂತ್ರವನ್ನು ಅವಳ ತಲೆಗೆ ಹಿಡಿಯುತ್ತಾನೆ. 'ಅಯ್ಯೋ! ಈ ತಲೆಯಲ್ಲಿ ಬದನೆಕಾಯಿ ಬಿಟ್ಟು ಬೇರೇನೂ ಇಲ್ಲ!'

ಚಾವಡಿ ಬಿರಿಯುವ ಹಾಗೆ ನಗು.

"ಏನಮ್ಮೋ ರತ್ನಿ," ದೊಡ್ಡಮುನಿಯಪ್ಪ ಕಣ್ಣೊರೆಸಿಕೊಂಡ, "ನಿನ್ ಬದ್ನೆಕಾಯಿಗೆ ಊಟ ಆಯ್ತಾ?"

ಅವಳು ಕಂಬವನ್ನು ಬಿಗಿಯಾಗಿ ಹಿಡಿದುಕೊಂಡಳು. ಅವ್ವ... ಅವ್ವನ ನೆನಪಿಗೆ ಆಡುವ ಮಾತು ಅದು! ಅವನಿಗೊಬ್ಬನಿಗೇ ಹೇಳಿದ್ದು!

ನಾಲ್ಕೇ ದಿನದಲ್ಲಿ, ಅವಳನ್ನು ನೋಡಿ ಹೋಗಿದ್ದ ಹೆಬ್ಬಾಳದ ಗಂಡಿನ ಕಡೆಯವರು ಹೇಳಿಕಳಿಸಿದರು. 'ರೇಡಿಯೋದಲ್ಲಿ ನಗೆಪಾಟಲಾದ ಹುಡುಗಿ ನಮಗೆ ಬೇಡ.' ಆ ಸಂಬಂಧ ಅವಳಿಗೆ ಮೊದಲೇ ಇಷ್ಟವಿರಲಿಲ್ಲ. ಆದರೆ ಅಪ್ಪ ಜಗುಲಿಯ ಮೇಲೆ ತಲೆ ಮೇಲೆ ಕೈ ಹೊತ್ತು ಕೂತದ್ದನ್ನು ನೋಡಿದಾಗ ಅವಳ ರಕ್ತ ಕುದಿಯಿತು.

ಅಷ್ಟು ದಿನ ಬುಟ್ಟಿ ಹೊತ್ತು ಪೇಟೆಗೆ ಹೋಗದಿದ್ದವಳು, ಮರುದಿನ ರೈಲು ಬರುವ ಮೊದಲೇ ಸ್ಟೇಷನ್ ಬಾಗಿಲಲ್ಲಿ ನಿಂತಿದ್ದಳು.

"ರತ್ನಾ! ನಾಟಕ ಕೇಳಿದ್ರಾ? ಎಲ್ಲರೂ ಎಷ್ಟು ನಕ್ಕರು ಗೊತ್ತಾ..."

"ನಮ್ಮವ್ವ ಸತ್ತಿದ್ದಕ್ಕೆ ನಕ್ಕರಾ?"

ಅವನ ನಗು ಅಲ್ಲೇ ಸತ್ತಿತು.

"ಅದು... ಸುಮ್ನೆ ತಮಾಷೆಗೆ..."

"ಯಾರಿಗೆ ತಮಾಷೆ? ನಮ್ಮಪ್ಪ ಐದು ದಿನದಿಂದ ಊರಲ್ಲಿ ತಲೆ ಎತ್ತಿಲ್ಲ! ನೀವು ನಮ್ ಕಡೆಯವ್ರೇ ಅಂತ, ಚಿಕ್ಕಜಾಲದವ್ರು ಅಂತ ನಂಬಿ ಹೇಳ್ದೆ. ಪೇಟೆಯವ್ರು ನಕ್ಕಿದ್ರೆ ಒರೆಸ್ಕೊಂಡು ಹೋಗ್ತಿದ್ದೆ. ನೀವು ನಗಿಸಿದ್ರಿ! ಪ್ಯಾಂಟು ಹಾಕ್ಕೊಂಡು, ಅಪ್ಪ ಇಟ್ಟ ಹೆಸ್ರು ಮುಚ್ಚಿಟ್ಕೊಂಡು, ನಮ್ಮನ್ನೇ ಕೋಡಂಗಿ ಮಾಡಿದ್ರಿ!"

"ತಪ್ಪಾಯ್ತು ರತ್ನಾ..."

"ಮೂರು ಜನ ಇರೋ ಕಡೆ ತಪ್ಪಾಯ್ತು ಅನ್ನೋಕೆ ಏನು ಕಷ್ಟ? ನಗಿಸಿದ್ದು ರಾಜ್ಯಕ್ಕೆಲ್ಲ ಕೇಳೋ ಹಾಗೆ!"

ಬುಟ್ಟಿ ಎತ್ತಿಕೊಂಡು ಹೊರಟೇಬಿಟ್ಟಳು. ಅಂದಿನಿಂದ ಯಶವಂತಪುರಕ್ಕೆ ಬರಲಿಲ್ಲ. ಅವನು ದಿನಾ ರೈಲು ಇಳಿದು ಖಾಲಿ ಜಾಗದ ಮುಂದೆ ನಿಲ್ಲುತ್ತಿದ್ದ.

"ಅವಳು ಬರಾಕಿಲ್ಲ," ಎಂದಳು ಸೊಣ್ಣಮ್ಮ. "ಅವತ್ತು ಮೂಲಂಗೀಲಿ ಒಡೆದದ್ದು ಸಾಲ್ದಾಗಿತ್ತು ನಿಂಗೆ."

ಆ ವಾರ ಅವನು ಬರೆದುಕೊಟ್ಟ ಕಂತಿನಲ್ಲಿ ಬಸಮ್ಮ ಇರಲಿಲ್ಲ. ಆದರೆ ನಗೆಪಾತ್ರವನ್ನು ತೆಗೆದರೆ ಹೇಗೆ ಎಂದು ನಿಲಯದ ಮೇಲಿನವರು ಮತ್ತೆ ಸೇರಿಸಿದರು. ಜನಕ್ಕೆ ಬದನೆಕಾಯಿಯೇ ಬೇಕಂತೆ. ಅವನು ಎದುರು ಮಾತಾಡದೆ ಓದಿ ಬಂದ. ಆ ರಾತ್ರಿ ಅನ್ನ ಇಳಿಯಲಿಲ್ಲ. ಇಳಿಯಬಾರದು ಕೂಡ!

ಅಕ್ಟೋಬರಿನ ಕೊನೆಯ ಬುಧವಾರ. ಧೂಮಕೇತುವಿನ ಕೊನೆಯ ಕಂತು.

ಅಮೃತಹಳ್ಳಿ ಚಾವಡಿಯಲ್ಲಿ ಕಾಲಿಡಲು ಜಾಗವಿಲ್ಲ. ಮನೆಯಲ್ಲಿ ಅಡಗಿ ಕೂತರೆ ಸೋತ ಹಾಗೆ ಎಂದು ಗಂಗರತ್ನ ಎಲ್ಲರಿಗಿಂತ ಮುಂದೆ ಬಂದು ಕೂತಿದ್ದಳು.

ರೇಡಿಯೋ ಗರಗರ ಎಂದಿತು. 'ಅನಿವಾರ್ಯ ಕಾರಣಗಳಿಂದ ಇಂದಿನ ನಾಟಕ ಪ್ರಸಾರವಾಗುವುದಿಲ್ಲ. ಈಗ ಕೊಳಲು ವಾದನ.'

"ಎಲ್ಲೋದ್ನಪ್ಪಾ ಗೂಢಚಾರ? ಸಿಕ್ಕಾಕ್ಕೊಂಡ್ನಾ?" ಗುಲ್ಲೋ ಗುಲ್ಲು.

"ಇಲ್ಲಿದೀನಿ."

ಎಲ್ಲರೂ ತಿರುಗಿದರು. ಚಾವಡಿಯ ಮೆಟ್ಟಿಲ ಬಳಿ ಸೈಕಲ್ ಹಿಡಿದು ನಿಂತಿದ್ದ ಅವನು. ಯಲಹಂಕದಿಂದ ತುಳಿದು ಬಂದ ಬೆವರು ಇನ್ನೂ ಆರಿರಲಿಲ್ಲ. ಆ ನಾಟಕ ನಿಲಯದಲ್ಲಿ ಕೂತು ಆ ಹೊತ್ತಿಗೇ ಓದುವಂಥದ್ದು. ಓದುವವನು ಹೋಗದಿದ್ದರೆ ನಾಟಕವೇ ಇಲ್ಲ.

"ನಾನು ಮುನಿಕೃಷ್ಣಪ್ಪ," ಎಂದ ಗಟ್ಟಿಯಾಗಿ. "ರೇಡಿಯೋದ ಜಯಸಿಂಹ ನಾನೇ. ಮುನಿಶಾಮಪ್ಪನವರ ಮಗಳು ನನ್ನ ನಂಬಿ ಹೇಳಿದ ಮಾತನ್ನ ಕದ್ದು ನಗೆಪಾಟಲು ಮಾಡ್ದೆ. ಅವರು ದಡ್ಡರಲ್ಲ. ದಡ್ಡ ನಾನು. ರಾಜ್ಯಕ್ಕೆಲ್ಲ ಕೇಳೋ ಹಾಗೆ ಇದನ್ನ ಹೇಳ್ತೀನಿ ಅಂದ್ರೆ ಮೇಲಿನವರು ಬಿಡಲಿಲ್ಲ. ಅದಕ್ಕೇ ನಾಟಕ ಬಿಟ್ಟು ಇಲ್ಲಿಗೆ ಬಂದೆ."

ದೊಡ್ಡಮುನಿಯಪ್ಪ ಗಹಗಹಿಸಿದ. "ಒಂದು ಬದ್ನೆಕಾಯಿಗೋಸ್ಕರ ರೇಡಿಯೋ ಕೆಲ್ಸ ಕಳ್ಕೊಂಡ್ಯೇನಯ್ಯಾ?"

"ಛೇರ್ಮನ್ರೇ!" ಗಂಗರತ್ನ ಎದ್ದು ನಿಂತಳು. "ಬಾಯಿ ಮುಚ್ಚಿ. ಇಷ್ಟು ದಿನ ನೀವು ರೇಡಿಯೋ ಮುಚ್ಚಿದ್ದು ಸಾಕು, ಇವತ್ತು ಬಾಯಿ ಮುಚ್ಚಿ!"

ಹಿಂದಿನಿಂದ ಯಾರೋ, "ಅಂಗ್ ಯೋಳವ್ವ!" ಎಂದರು.

ಅವಳು ಅವನತ್ತ ತಿರುಗಿದಳು. ಕಣ್ಣಲ್ಲಿ ಇನ್ನೂ ಬೆಂಕಿ. "ಜನ ನಾಟಕಕ್ಕೆ ಅಂತ ಕಾದು ಕೂತವ್ರೆ. ಕೊನೇಲಿ ಆ ಹುಡುಗಿ ಏನಾದ್ಲು?"

"ಮೇಲಿನವರು ಹೇಳಿದ ಹಾಗೆ ಬರೆದಿದ್ದೆ. ಹರಿದು ಹಾಕ್ದೆ."

"ಅಂಗಾದ್ರೆ ನಾನು ಹೇಳ್ತೀನಿ. ನೀವು ಧೂಮಕೇತು ಆಗಿ. ಹಿಡೀರಿ ಆ ಯಂತ್ರಾನ!"

ಅವನು ತಬ್ಬಿಬ್ಬಾದ. ಆಮೇಲೆ ಕೈ ಎತ್ತಿ ಅವಳ ಹಣೆಯ ಮುಂದೆ ಹಿಡಿದ. ಊರನ್ನೇ ನಡುಗಿಸಿದ್ದ ಆ ದನಿ ಈಗ ತಾನೇ ನಡುಗುತ್ತಿತ್ತು. "ಹೇಳು ಹುಡುಗಿ... ನಿನ್ನ ಮನಸ್ಸಿನಲ್ಲಿ ಏನಿದೆ?"

"ಯಂತ್ರ ಕೆಳಗಿಡೋ ಧೂಮಕೇತು!" ಅವಳ ಮಾತು ಚಾವಡಿಯ ಆಚೆಗೂ ಕೇಳಿಸಿತು. "ನನ್ನ ಮನಸ್ಸು ತಿಳ್ಕೊಳ್ಳೋಕೆ ಯಂತ್ರ ಯಾಕೆ? ಬಾಯಿಬಿಟ್ಟು ಕೇಳಿದ್ರೆ ನಾನೇ ಹೇಳ್ತೀನಿ. ಕೇಳ್ದೆ ಕದ್ಕೊಂಡು ಹೋಗ್ತೀಯಲ್ಲ, ಅದಕ್ಕೇ ನೀನು ಗೂಢಚಾರ. ಕೇಳೋಕೆ ಬರ್ದಿದ್ರೆ ನೀನು ಯಾವ ಸೀಮೆ ಗಂಡಸು?"

ಮುನಿಶಾಮಪ್ಪ ಎಷ್ಟೋ ದಿನಗಳ ಮೇಲೆ ತಲೆ ಎತ್ತಿ ಮಗಳನ್ನು ನೋಡಿದ.

ಅವನ ಕೈ ಮೆಲ್ಲಗೆ ಕೆಳಗಿಳಿಯಿತು. ಧೂಮಕೇತುವಿನ ದನಿ ಹೋಯಿತು, ಪೇಟೆಯ ದನಿಯೂ ಹೋಯಿತು. ಉಳಿದದ್ದು ಚಿಕ್ಕಜಾಲದ ಹುಡುಗನ ದನಿ.

"ಅಂಗಾದ್ರೆ ಕೇಳ್ತೀನಿ. ನಿನ್ನ ಮನ್ಸಲ್ಲಿ ನಾನಿದೀನಾ ರತ್ನಾ?"

"ಇಷ್ಟು ಜನದ ಮುಂದೆ ಕೇಳ್ತೀರಾ?"

"ಇದಕ್ಕಿಂತ ಜಾಸ್ತಿ ಜನದ ಮುಂದೆ ನೋಯಿಸಿದೀನಿ."

ತಡೆದಿಟ್ಟಿದ್ದ ಕಣ್ಣೀರು ಸಿಟ್ಟಿನ ಜೊತೆಗೇ ಹರಿಯಿತು.

"ಇದೀರಿ... ಆದ್ರೆ ಸಿಟ್ಟಾಗಿ ಇದೀರಿ."

ಮುನಿಶಾಮಪ್ಪ ಎದ್ದು ಬಂದು ಅವನನ್ನು ಮೇಲಿಂದ ಕೆಳಗೆ ನೋಡಿದ. "ಕೆಲ್ಸ ಏನಪ್ಪಾ ನಿಂದು?"

"ಹಗಲು ಗುಮಾಸ್ತ. ಬುಧವಾರ ಸಂಜೆ ಗೂಢಚಾರ ಆಗಿದ್ದೆ. ಇವತ್ತಿಂದ ಬರೀ ಗುಮಾಸ್ತ."

"ಒಳ್ಳೇದು. ಗುಮಾಸ್ತನಿಗೆ ಹೆಣ್ಣು ಕೊಡಬೋದು. ನಾಳಿದ್ದು ಮನೆಯ ಹಿರೀಕರನ್ನ ಕರ್ಕೊಂಡು ಬಾ," ಎಂದು ಪಂಚೆ ಕೊಡವಿಕೊಂಡು, ಛೇರ್ಮನ್ನನ ಮುಖ ಕೂಡ ನೋಡದೆ ಮನೆಯ ಕಡೆ ನಡೆದ.

ಜನ ಕರಗಿದರು. ಅವನು ಸೈಕಲ್ ತಳ್ಳುತ್ತ ಅವಳ ಪಕ್ಕದಲ್ಲಿ, ಒಂದು ಮಾರು ದೂರ ಬಿಟ್ಟು ನಡೆದ. ಅವಳ ಮನೆಯ ಬಾಗಿಲು ಬಂತು.

"ರತ್ನಾ... ಈ ಸಿಟ್ಟು ಯಾವಾಗ ಇಳೀತದೆ?"

"ಈ ಜನ್ಮದಲ್ಲಿ ಇಳಿಯಾಕಿಲ್ಲ."

"ಸರಿ. ಕಾಯ್ತೀನಿ."

ಅವಳು ಹೊಸ್ತಿಲು ದಾಟಿ, ತಿರುಗಿ ನೋಡಿದಳು. ಅವನು ನಿಜವಾಗಿಯೂ ಅಲ್ಲೇ ನಿಂತುಬಿಟ್ಟಿದ್ದ.

"ಬೀದೀಲಿ ನಿಂತ್ಕೊಂಡು ಯಾರು ಕಾಯಿ ಅಂದ್ರು?" ಎಂದಳು ಸೆರಗಿನ ತುದಿಯಿಂದ ಕಣ್ಣೊರೆಸಿಕೊಂಡು. "ಕಾಲು ತೊಳ್ಕೊಂಡು ಒಳಗೆ ಬನ್ನಿ. ಮುದ್ದೆ ಆರೋಗ್ತದೆ."