ಬಾಗಿಲ ಮುಂದಿನ ಆರು ಜೊತೆ

ಭಾನುವಾರ ಮಧ್ಯಾಹ್ನ ನಾಗರಬಾವಿ ಬಡಾವಣೆಯ ಮುರಳೀಕೃಷ್ಣ ಠಾಣೆಗೆ ಬಂದು ಚಪ್ಪಲಿ ಕಳವಾಗಿದೆ ಎಂದಾಗ ಹೆಡ್ ಕಾನ್‌ಸ್ಟೆಬಲ್ ಅಂಜಿನಯ್ಯನಿಗೆ ನಗು ತಡೆಯಲಾಗಲಿಲ್ಲ.

"ನಗಬೇಡಿ ಸಾರ್. ನನ್ನ ಮಗಳು ಸಿಂಚನಾಗೆ ಒಂದು ಕಾಲು ಗಿಡ್ಡ. ಹೋಗಿರೋದು ಅವಳಿಗೆ ಅಳತೆ ಕೊಟ್ಟು ಮಾಡಿಸಿದ ಶೂ. ಅದಿಲ್ದೆ ಅವಳು ಸ್ಕೂಲಿಗೆ ಹೋಗೋಕಾಗಲ್ಲ."

ಅಂಜಿನಯ್ಯನ ನಗು ನಿಂತಿತು. ಇನ್‌ಸ್ಪೆಕ್ಟರ್ ಶಿವರಂಜನಿ ಎಫ್‌ಐಆರ್ ದಾಖಲಿಸಲು ಹೇಳಿ ಅವನನ್ನೂ ಕರೆದುಕೊಂಡು ಸ್ಥಳಕ್ಕೆ ಹೊರಟರು. ಆ ಮನೆಯಲ್ಲಿ ಅಂದು ಸತ್ಯನಾರಾಯಣ ಪೂಜೆ. ಗೇಟಿನ ಬಳಿ ಚಪ್ಪಲಿಗಳ ರಾಶಿ. ಹೊಚ್ಚ ಹೊಸ ಶೂಗಳು ಹಾಗೇ ಇದ್ದವು. ಹೋಗಿದ್ದು ಮಗುವಿನ ಶೂ ಮತ್ತು ಯಾರೋ ನೆಂಟರ ಸವೆದ ಚಪ್ಪಲಿ. ಇದೆಂಥ ಕಳ್ಳತನವೋ! ಪಂಚನಾಮೆ ಮುಗಿಸಿ ಎದುರು ಮನೆಯ ಸಿಸಿಟಿವಿ ನೋಡಿದರು. ಸೀರೆಯುಟ್ಟ ಹೆಂಗಸೊಬ್ಬರು ಗೇಟಿನ ಬಳಿ ಬಹಳ ಹೊತ್ತು ಒಳಗೆ ನೋಡುತ್ತ ನಿಂತು, ಎರಡು ಜೊತೆ ಚೀಲಕ್ಕೆ ಹಾಕಿಕೊಂಡು ಹೋಗಿದ್ದರು. ಚೀಲದ ಮೇಲೆ ದೀಪಾಂಜಲಿ ನಗರದ ಟೈಲರ್ ಅಂಗಡಿಯೊಂದರ ಹೆಸರಿತ್ತು.

ಸೋಮವಾರ ಬೆಳಿಗ್ಗೆ ಟೈಲರ್ ಫೋಟೊ ನೋಡಿದ ಕೂಡಲೇ ಹೇಳಿದ: "ಜಗದಾಂಬಾ ಮೇಡಂ. ಎದುರು ಬಿಲ್ಡಿಂಗು, ಮೂರನೇ ಮಹಡಿ. ಬ್ಲೌಸ್ ಕೊಡೋಕೆ ಹೋದಾಗ್ಲೆಲ್ಲ ಬಾಗ್ಲಲ್ಲಿ ಸಾಲು ಚಪ್ಪಲಿ. ಯಾವಾಗ್ಲೂ ನೆಂಟರು ಸಾರ್."

ಬಾಗಿಲ ಮುಂದೆ ನಿಜಕ್ಕೂ ಆರು ಜೊತೆ ಇದ್ದವು. ನಡುವೆ ಸಿಂಚನಾಳ ಶೂ. ಅಭ್ಯಾಸಬಲದಿಂದ ಇಬ್ಬರೂ ಶೂ ಬಿಚ್ಚಿಯೇ ಒಳಗೆ ಹೋದರು. ನೆಂಟರು ಯಾರೂ ಇರಲಿಲ್ಲ. ತೊಳೆದು ಬೋರಲು ಹಾಕಿದ ಒಂದು ತಟ್ಟೆ, ಒಂದು ಲೋಟ ಇದ್ದವು.

"ಮನೇಲಿ ಯಾರ್ಯಾರಿದೀರ?" ಶಿವರಂಜನಿ ಕೇಳಿದರು.

"ನಾನೊಬ್ಬಳೇ."

"ಚಪ್ಪಲಿ ಯಾಕೆ ತಂದ್ರಿ?"

ಐವತ್ತು ದಾಟಿದ ಜಗದಾಂಬಾ ತಲೆ ತಗ್ಗಿಸಿದರು. "ಆಫೀಸಿಂದ ಬಂದು ಬಾಗ್ಲಲ್ಲಿ ಒಂದೇ ಜೊತೆ ಬಿಡೋಕೆ ಮನಸ್ಸೇ ಬರ್ತಿರ್ಲಿಲ್ಲ. ಇವಿದ್ರೆ ಒಳಗೆ ಯಾರೋ ಇದಾರೆ ಅನ್ಸುತ್ತೆ. ಮಗೂದು ಒಂದು ಅಟ್ಟೆ ದಪ್ಪ ಅಂತ ಮನೆಗೆ ಬಂದ್ಮೇಲೇ ನೋಡಿದ್ದು. ವಾಪಸ್ ಇಡೋಕೆ ಹೋದೆ. ನಿಮ್ಮ ಜೀಪ್ ನೋಡಿ ಹೆದರಿದೆ. ಇವತ್ತು ಆಫೀಸಿಗೂ ಹೋಗ್ಲಿಲ್ಲ. ಮಗು ಸ್ಕೂಲಿಗೆ ಹೋಯ್ತಾ?"

"ಇಲ್ಲ."

ಆಕೆ ಬಿಕ್ಕಿ ಬಿಕ್ಕಿ ಅತ್ತರು. ಅಂಜಿನಯ್ಯ ಟೈಲರನ್ನೂ ನೆರೆಯವರೊಬ್ಬರನ್ನೂ ಪಂಚರಾಗಿ ಬಾಗಿಲ ಹೊರಗೆ ಕರೆಸಿದ. ಪಂಚರ ಮುಂದೆ, ಆಕೆಯದೊಂದನ್ನು ಬಿಟ್ಟು ಉಳಿದ ಐದು ಜೊತೆ ವಶಕ್ಕೆ ಪಡೆದರು.

"ಮಗುವಿನ ಶೂ ಇವತ್ತೇ ಕೋರ್ಟಿಂದ ಬಿಡಿಸಿ ಕೊಡ್ಬೇಕು," ಎಂದರು ಶಿವರಂಜನಿ.

ಠಾಣೆಗೆ ಹೊರಡಲು ಬಾಗಿಲಿಗೆ ಬಂದ ಜಗದಾಂಬಾ ಹೊಸ್ತಿಲಲ್ಲೇ ನಿಂತರು. ಹೊರಗೆ ಆಕೆಯ ಚಪ್ಪಲಿಯ ಪಕ್ಕ ಪೊಲೀಸರ ಎರಡು ಜೊತೆ ಶೂ ಇದ್ದವು.

"ಇವು ನಿಜವಾಗ್ಲೂ ಒಳಗೆ ಬಂದೋರದು," ಎಂದರು. "ಕಾಫಿ ಕುಡ್ಕೊಂಡು ಹೋಗೋಣ್ವಾ ಮೇಡಂ?"

ಆರೋಪಿಗಳ ಮನೆಯಲ್ಲಿ ನೀರೂ ಮುಟ್ಟದ ಶಿವರಂಜನಿ ಮರಳಿ ಬಂದು ಕುಳಿತರು. ಲೋಟ ಒಂದೇ ಇದ್ದುದರಿಂದ ಒಬ್ಬರಾದ ಮೇಲೆ ಒಬ್ಬರು ಕುಡಿದರು. ಆಮೇಲೆ, ಹನ್ನೊಂದೂವರೆಗೆ, ಜಗದಾಂಬಾ ಅವರನ್ನು ದಸ್ತಗಿರಿ ಮಾಡಲಾಯಿತು.