ತನಾಕ್ವಿಲ್ ರಾಣಿಯ ಬಳೆ

ಹೈಸ್ಕೂಲಿನ ಗಾರ್ಗಿಯ ಪ್ರಬಂಧದಲ್ಲಿ ಸುಳ್ಳಿದೆ ಎಂಬ ತೀರ್ಪುಗಾರರ ಈಮೇಲ್ ಶುಕ್ರವಾರ ಅಮೆರಿಕದ ಶುಗರ್ ಲ್ಯಾಂಡಿನ ಮನೆಗೆ ಬಂತು. ರೋಮಿನ ರಾಣಿ ತನಾಕ್ವಿಲ್ ಗಂಡನ ಸಾವನ್ನು ಮುಚ್ಚಿಟ್ಟು, ಕಿಟಕಿಯಲ್ಲಿ ನಿಂತು, ರಾಜ ಬದುಕಿದ್ದಾನೆಂದು ಜನರನ್ನು ನಂಬಿಸಿ, ಅಳಿಯನಿಗೆ ಸಿಂಹಾಸನ ಗಟ್ಟಿಮಾಡಿಕೊಟ್ಟಳಂತೆ. ಅದು ಸರಿ. ಆದರೆ, ಜನ ನಂಬಲೆಂದು ಕೈಯ ಬಳೆ ಎತ್ತಿ ತೋರಿಸಿದಳು—ಇದು ಎಲ್ಲಿಯದು? ಸೋಮವಾರದೊಳಗೆ ಮೂಲ ತೋರಿಸದಿದ್ದರೆ ಹುಡುಗಿ ಕಟ್ಟುಕತೆ ಬರೆದಳೆಂದು ರಾಜ್ಯಮಟ್ಟದ ಸ್ಪರ್ಧೆಯಿಂದ ಹೊರಗೆ.

ಪಕ್ಕದ ಮನೆಯ ಲೈಬ್ರರಿಯನ್ ಪ್ರಭಾ ಆವತ್ತಿನಿಂದ ಮೂಲ ಹುಡುಕುತ್ತಾ ತಲೆ ಚಚ್ಚಿಕೊಳ್ಳುತ್ತಿದ್ದಳು. ಭಾನುವಾರದ ಹೊತ್ತಿಗೆ ಬೆಟ್ಟ ಅಗೆದದ್ದಾಗಿತ್ತು, ಇಲಿಯೂ ಸಿಕ್ಕಿರಲಿಲ್ಲ. ಅವಳಿಗೆ ಸಿಟ್ಟು ನೆತ್ತಿಗೇರಿತ್ತು.

"ಥ್ರೀ ಸೋರ್ಸಸ್ ಇವೆ ಆಂಟಿ. ಐ ಡಿಡಂಟ್ ಮೇಕ್ ಇಟ್ ಅಪ್," ಗಾರ್ಗಿಯ ಕಣ್ಣು ತುಂಬಿತ್ತು.

ಮೂರಂತೆ ಮೂರು. ವೆಬ್‌ಸೈಟು ವೀಡಿಯೊದಿಂದ ಕದ್ದಿತ್ತು. ವೀಡಿಯೊ ಆಸ್ಟಿನ್‌ನ ಕೃಷ್ಣಚೈತನ್ಯನ ಬ್ಲಾಗಿನಿಂದ. ಪ್ರಭಾ ಅವನಿಗೆ ಫೋನ್ ಮಾಡಿದಳು.

"ಬಳೆ ವಿಷಯ ನಿಮಗೆ ಹೇಳಿದ್ದು ಯಾರು?"

"ಡಲ್ಲಾಸ್ ಕನ್ನಡ ಕಾರ್ಯಕ್ರಮದಲ್ಲಿ ಕೇಳಿದ್ದು. ಶಶಿಕಾಂತ್ ಅವರ ಭಾಷಣ. ಯಾಕೆ?"

ಶಶಿಕಾಂತ್—ಗಾರ್ಗಿಯ ಅಪ್ಪ. ತೈಲ ಕಂಪನಿಗಳ ಎನರ್ಜಿ ಕಾರಿಡಾರ್‌ನಲ್ಲಿ ಇಂಜಿನಿಯರು. ಶುಕ್ರವಾರದಿಂದ ತೀರ್ಪುಗಾರರನ್ನು ಬೈಯುತ್ತಾ ಅಲ್ಲೇ ಓಡಾಡಿಕೊಂಡಿದ್ದ ಮಹಾಶಯ.

ಪ್ರಭಾ ಫೋನ್ ಇಟ್ಟು ಅವನತ್ತ ತಿರುಗಿದಳು. "ನೀವೆಲ್ಲಿ ಓದಿದ್ರಿ?"

"ಎಲ್ಲೋ ಓದಿದ್ದೆ ರೀ. ನೆನಪಿಲ್ಲ."

"ಯಾವ ಪುಸ್ತಕ?"

"ಹಳೇದು."

ಪ್ರಭಾಳ ತಾಳ್ಮೆ ಮುಗಿಯಿತು.

"ಓದಿಲ್ಲ ನೀವು. ಯಾರು ಯಾರಿಂದ ಕದ್ದರು ಅಂತ ಹುಡುಕಿದೆ. ಬಳೆ ನೋಡಿ ರೋಮಿನ ಜನ ಯಾಕೆ ನಂಬಬೇಕು ಅಂತ ಕೇಳಲೇ ಇಲ್ಲ, ನಾನೊಬ್ಬಳು ಪೆದ್ದಿ. ಗಂಡ ಸತ್ತರೆ ಬಳೆ ಒಡೆಯೋದು ನಮ್ಮ ಕಡೆ. ಕೈಯಲ್ಲಿ ಬಳೆ ಇದ್ದರೆ ಗಂಡ ಇದ್ದಾನೆ ಅಂದುಕೊಳ್ಳೋರು ನಾವು. ಆ ರಾಣಿ ಕತೆ ಬರೆದವರೇ ಐನೂರು ವರ್ಷ ಆದಮೇಲೆ ಬರೆದರು, ಅವರೂ ಕಿಟಕಿ ಅಂದರೇ ಹೊರತು ಬಳೆ ಅಂದಿಲ್ಲ. ಅವಳಿಗೆ ಬಳೆ ತೊಡಿಸಿದವರು ನೀವು, ಶಶಿಕಾಂತ್. ತೀರ್ಪುಗಾರರಿಗೆ ಹಾಗಂತ ಬರೆದು ಕೊಡಿ."

ಗಾರ್ಗಿ ಅಪ್ಪನನ್ನೇ ನೋಡಿದಳು. ಅವನು ನೋಡಿದ್ದು ತಾಯಿಯ ಕಡೆ. ಶಾಂತವ್ವ ಸೋಫಾದಲ್ಲಿ ಬೆಳ್ಳುಳ್ಳಿ ಸುಲಿಯುತ್ತಿದ್ದಳು. ಅವಳ ಕೈ ನಿಂತಿತು.

"ಅವ್ವಾ, ನಿನ್ನ ಮಾತು ಹೊರಗ ಬರಬಾರದಂತ ಸುಮ್ಮನಿದ್ದೆ," ಎಂದ ಶಶಿಕಾಂತ್.

"ನನ್ನ ಸಲುವಾಗಿ ಕೂಸಿನ ಮ್ಯಾಲ ಅಪವಾದ ಹೊರಸ್ತೀ?" ಶಾಂತವ್ವ ಮೊಮ್ಮಗಳ ಕಡೆ ತಿರುಗಿದಳು. "ನಿಮ್ಮಜ್ಜ ನಸುಕಿನ್ಯಾಗ ತೀರಿಹೋದ್ರವಾ. ಅವತ್ತು ನಿಮ್ಮಪ್ಪಂದು ಕಡೀ ಪರೀಕ್ಷಾ. ಮಲಗ್ಯಾರ, ಎಬ್ಬಿಸಬ್ಯಾಡ ಅಂತ ಹೇಳಿ, ಬಳಿ ಹಾಕ್ಕೊಂಡ ಕೈಲೇ ರೊಟ್ಟಿ ಬಡದು ಕಳಿಸಿದೆ."

ಪ್ರಭಾಗೆ ತನ್ನ ಸಿಟ್ಟಿನ ಮೇಲೆಯೇ ನಾಚಿಕೆಯಾಯಿತು. ಶಶಿಕಾಂತ್ ಲ್ಯಾಪ್‌ಟಾಪ್ ಎಳೆದುಕೊಂಡ. ತೀರ್ಪುಗಾರರ ಈಮೇಲ್ ತೆರೆದ.

"ಆ ರಾಣಿ ಏನ್ ಮಾಡಿದ್ಲೋ ನನಗ ಗೊತ್ತಿಲ್ಲ," ಎಂದಳು ಶಾಂತವ್ವ. "ಬಳಿ ನನ್ನವು. ಹಂಗಂತ ಬರಿ."