ಮಿಕ್ಸರಿನ ಹಿಂದೊಂದು ಕಿವಿ

ತಾನು ಕಟ್ಟಿದ ಟ್ಯೂನು ಬೇರೊಬ್ಬನ ಹೆಸರಿನಲ್ಲಿ ರೇಡಿಯೋದಿಂದ ತೇಲಿ ಬಂದಾಗ ಸಂಗೀತ ನಿರ್ದೇಶಕ ಗಡ್ಡ ಬೋಳಿಸಿಕೊಳ್ಳುತ್ತಿದ್ದ. ಉಳಿದರ್ಧ ಗಡ್ಡದಲ್ಲೇ ಪೊಲೀಸ್ ಠಾಣೆಗೆ ಓಡಿದ.

“ಹೊಟ್ಟೆಕಿಚ್ಚಿಗೆ ಹೇಳ್ತಿಲ್ಲ ಮೇಡಂ. ಈ ಹಾಡು ಇನ್ನೂ ನನ್ನ ಕೋಣೆಯಿಂದ ಆಚೆನೇ ಹೋಗಿಲ್ಲ. ನನ್ನ ಹಳೇ ಗೆಳೆಯ ಕದ್ದಿದಾನೆ!”

ಗೆಳೆಯನೂ ಸಂಗೀತ ನಿರ್ದೇಶಕನೇ. ಅವನ ಚಿತ್ರಗಳು ಒಂದರ ಹಿಂದೊಂದು ಓಡುತ್ತಿದ್ದವು. ಈತನ ಕೈ ಖಾಲಿ. ಹೊಟ್ಟೆಕಿಚ್ಚೇ ಇರಬೇಕು ಅಂದುಕೊಂಡಳು ಇನ್‌ಸ್ಪೆಕ್ಟರ್. ಆದರೂ ಹೊರಟಳು.

*

ನಿರ್ದೇಶಕನ ಮನೆಯ ಹಿಂದಿನ ಕೋಣೆ ಸ್ಟುಡಿಯೋ. ಮುಂದಿನದು ಹೆಂಡತಿಯ ಸಲೂನು. ನಡುವೆ ಸ್ಪಂಜು ಹೊದಿಸಿದ ಗೋಡೆ. ಕೂಗಿಕೊಂಡರೂ ಆಚೆ ಕೇಳದು.

“ರೆಕಾರ್ಡಿಂಗ್ ಫೈಲು ನನ್ನ ಹತ್ರ ಇರತ್ತೆ, ಅದಕ್ಕೆ ನನ್ನ ಮೇಲೇ ಅನುಮಾನ,” ಸೌಂಡ್ ಎಂಜಿನಿಯರ್ ಗೊಣಗಿದ. “ನನ್ನ ಟ್ಯೂನು ಒಂದನ್ನೂ ಇವರು ತಗೊಳ್ಳಲ್ಲ. ಸಿಟ್ಟಿದೆ, ಒಪ್ಕೋತೀನಿ. ಆದರೆ ಕದ್ದಿಲ್ಲ. ಇಲ್ಲಿರೋದೆಲ್ಲ ಹಳೇ ಕಾಲದ ವೈರು. ಸೊಳ್ಳೆ ಸದ್ದೂ ಆಚೆ ಹೋಗಲ್ಲ.”

ಗಾಯಕಿಯ ಕಣ್ಣು ಕೆಂಪಾಗಿತ್ತು. “ನನ್ನ ಹಾಡನ್ನ ಇನ್ಯಾವಳೋ ಹಾಡಿದಾಳೆ. ಅದೂ ನನ್ನ ತಪ್ಪಿನ ಸಮೇತ!”

“ಯಾವ ತಪ್ಪು?”

“ಅಭ್ಯಾಸ ಮಾಡುವಾಗ ಪಲ್ಲವಿ ಕೊನೇಲಿ ಸುಮ್ಮನೆ ದನಿ ಎಳೆದುಬಿಟ್ಟಿದ್ದೆ. ಸರ್ ನಕ್ಕುಬಿಟ್ರು. ರೆಕಾರ್ಡಿಂಗ್‌ನಲ್ಲಿ ಅದನ್ನ ತೆಗೆದುಬಿಟ್ವಿ.”

ಇನ್‌ಸ್ಪೆಕ್ಟರ್ ಫೈಲು ಕೇಳಿದಳು. ಎಳೆತ ಇರಲಿಲ್ಲ. ರೇಡಿಯೋ ಹಾಡಿನಲ್ಲಿತ್ತು. ಅಂದರೆ ಕಳವಾದದ್ದು ಫೈಲಲ್ಲ. ಅಭ್ಯಾಸವನ್ನು ಯಾರೋ ಕೇಳಿಸಿಕೊಂಡಿದ್ದಾರೆ.

ದನಿಗಳನ್ನು ಬೆರೆಸುವ ಮಿಕ್ಸರನ್ನು ಮುಂದಕ್ಕೆಳೆದಳು. ಹಿಂದೆ, ಹೆಡ್‌ಫೋನಿನ ತೂತಿನಲ್ಲಿ, ಬೆಂಕಿಪೊಟ್ಟಣದಷ್ಟು ಕಪ್ಪು ಡಬ್ಬಿ. ನೀಲಿ ದೀಪ ಮಿಣುಕುತ್ತಿತ್ತು.

ಎಂಜಿನಿಯರ್ ಬಿಳಿಚಿಕೊಂಡ. “ಬ್ಲೂಟೂತ್ ಅಡಾಪ್ಟರ್! ಮೈಕಿಗೆ ಬಿದ್ದ ಮಾತೆಲ್ಲ ವೈರಿಲ್ಲದೆ ಯಾರದೋ ಇಯರ್‌ಬಡ್‌ಗೆ ಹೋಗತ್ತೆ. ಆದರೆ ಪಕ್ಕದ ಕೋಣೆ ದಾಟಲ್ಲ. ದಿನಾ ಚಾರ್ಜೂ ಮಾಡಬೇಕು.”

*

ಇನ್‌ಸ್ಪೆಕ್ಟರ್ ಸ್ಟುಡಿಯೋ ಬಾಗಿಲು ತೆರೆದಿಟ್ಟಳು. ನಿರ್ದೇಶಕನನ್ನೂ ಗಾಯಕಿಯನ್ನೂ ಹಾಡುವವರ ಗಾಜಿನ ಗೂಡಿನಲ್ಲಿ, ಮೈಕಿನ ಮುಂದೆ ನಿಲ್ಲಿಸಿ ಪಿಸುದನಿಯಲ್ಲಿ ಕೇಳಿದಳು.

“ನಿಜ ಹೇಳಿ ಸರ್. ಇವರನ್ನ ಕಂಡರೆ ನಿಮಗಿಷ್ಟ ಅಲ್ವಾ?”

“ಅದು... ಹಾಗಂತ ಅಲ್ಲ...”

“ಅಯ್ಯೋ, ನನ್ನ ಕಿವಿ!” ಸಲೂನಿನಿಂದ ಚೀರಾಟ.

ಎಲ್ಲರೂ ಓಡಿದರು. ಗಿರಾಕಿ ಕಿವಿ ಹಿಡಿದು ಕೂತಿದ್ದ. ಕತ್ತರಿ ನೆಲದ ಮೇಲೆ. ಇನ್‌ಸ್ಪೆಕ್ಟರ್ ಹೆಂಡತಿಯ ಕೂದಲನ್ನು ಪಕ್ಕಕ್ಕೆ ಸರಿಸಿದಳು. ಇಯರ್‌ಬಡ್ ಸಿಕ್ಕಿತು.

“ಒಳಗಿದ್ದವರು ಕದ್ದು ಕೇಳಬೇಕಾಗಿಲ್ಲ. ಆಚೆಯವರು ದಿನಾ ಒಳಗೆ ಬಂದು ಚಾರ್ಜ್ ಮಾಡೋಕಾಗಲ್ಲ. ಆಚೆ ಕೂತು ಕೇಳೋದು, ಒಳಗೆ ಬಂದು ಹೋಗೋದು, ಎರಡೂ ಆಗೋದು ನಿಮ್ಮೊಬ್ಬರಿಗೇ ಅಕ್ಕಾ.”

“ಟ್ಯೂನು ಯಾರಿಗೆ ಬೇಕಿತ್ತು?” ಹೆಂಡತಿ ಸಿಡಿದಳು. “ಅವಳ ಜೊತೆ ಎಷ್ಟು ನಗ್ತಾರೆ ಅಂತ ಕೇಳ್ತಿದ್ದೆ. ಆ ಎಳೆತಕ್ಕೆ ಬಿದ್ದು ಬಿದ್ದು ನಕ್ಕರು. ನನ್ನ ಹತ್ರ ಉಪ್ಪು ಕಮ್ಮಿ ಅನ್ನೋದು ಬಿಟ್ಟರೆ ಮಾತೇ ಇಲ್ಲ.”

“ಗೆಳೆಯನಿಗೆ ಹೇಗೆ ಹೋಯ್ತು?”

ಆಕೆಯ ದನಿ ಇಳಿಯಿತು. “ಕ್ರಾಪ್ ಮಾಡಿಸ್ಕೊಳ್ಳೋಕೆ ಬಂದಿದ್ರು. ಕೇಳಿ ಕೇಳಿ ನಾಲಿಗೆ ಮೇಲೇ ಕೂತಿತ್ತು, ಗುನುಗಿದೆ. ‘ಎಂಥ ದನಿ ಅತ್ತಿಗೆ, ಇನ್ನೊಂದ್ಸಲ’ ಅಂದ್ರು.”

ಇನ್‌ಸ್ಪೆಕ್ಟರ್ ಗೆಳೆಯನಿಗೆ ಫೋನು ಮಾಡಿದಳು. ಮೊದಲು ಹಾರಾಡಿದ. ಎಳೆತದ ಮಾತು ಬಂದೊಡನೆ ಮೆತ್ತಗಾದ. ಯಾರ ಮನೆಯ ಟ್ಯೂನೆಂದು ತಿಳಿದೇ ಎತ್ತಿಕೊಂಡೆ ಎಂದು ಒಪ್ಪಿದ.

“ಹಾಡು ನಿಮ್ಮದೇ ಸರ್, ಹೆಸರು ಹಾಕ್ತಾರಂತೆ,” ಅಂದಳು ಇನ್‌ಸ್ಪೆಕ್ಟರ್.

ನಿರ್ದೇಶಕನಿಗೆ ಅದು ಕೇಳಿಸಲೇ ಇಲ್ಲ. ಅರ್ಧ ಗಡ್ಡದ ಮುಖ ಕೆಂಪೇರಿತ್ತು. ಹೆಂಡತಿಯನ್ನೇ ದುರುಗುಟ್ಟಿ ನೋಡುತ್ತಿದ್ದ.

“ಇನ್ನೊಂದ್ಸಲ ಅಂದ್ನಾ? ಅಂದ ತಕ್ಷಣ ಹಾಡಿಬಿಟ್ಯಾ? ಎಷ್ಟು ಸಲ ಹಾಡಿದೆ?”

ಹೆಂಡತಿ ಬಗ್ಗಿ ಕತ್ತರಿ ಎತ್ತಿಕೊಂಡಳು. ಸೆರಗಿನಿಂದ ನಿಧಾನವಾಗಿ ಒರೆಸಿದಳು.

“ಕೇಳಿದಷ್ಟು ಸಲ.”